ಮೊಮ್ಮಕ್ಕಳು ಹೆಣ್ಣು ನೋಡಲು ಬಂದದ್ದು

ಕಥೆ ಹೇಳುವವರು ಒಂದಾನೊಂದು ಕಾಲದಲ್ಲಿ ಎಂದು ಶುರು ಮಾಡುತ್ತಾರೆ. ಈ ನಡುಗಡ್ಡೆಯ ಕಥೆಯನ್ನು ಹಾಗೆ ಶುರು ಮಾಡಿದರೆ ಅಲ್ಲಿಯ ಜನ ಮಾತನ್ನು ಅಲ್ಲಿಗೇ ತಡೆದು, "ಯಾವ ಕಾಲ ಸ್ವಾಮಿ? ನಮ್ಮಲ್ಲಿ ಮೂರಿವೆ" ಅನ್ನುತ್ತಾರೆ. ಅವರು ಹೇಳುವುದು ಸುಳ್ಳಲ್ಲ. ಹೊಳೆಯ ನಡುವಿನ ಆ ಗಡ್ಡೆಯಲ್ಲಿ ಮೂರು ಕೇರಿಗಳಿವೆ. ಮೂಡಲ ಕೇರಿಯಲ್ಲಿ ಮುತ್ತಜ್ಜಿಯರ ಕಾಲ. ಅಲ್ಲಿ ಬೀಸುವ ಕಲ್ಲು, ಹರಳೆಣ್ಣೆಯ ದೀಪ. ನಡುಕೇರಿಯಲ್ಲಿ ಅವರ ಮಕ್ಕಳ ಕಾಲ. ಅಲ್ಲಿ ರೇಡಿಯೋ, ಸೀಮೆಎಣ್ಣೆ ಸ್ಟೌ, ಬೆಲ್ಲು ಕೆಟ್ಟ ಸೈಕಲ್ಲು. ಪಡುವಲ ಕೇರಿಯಲ್ಲಿ ಮೊಮ್ಮಕ್ಕಳ ಕಾಲ. ಅಲ್ಲಿಯವರು ತಲೆ ಎತ್ತಿ ನಿಮ್ಮ ಮುಖ ನೋಡಿದರೆ ಅವರ ಫೋನಿನ ಚಾರ್ಜು ಮುಗಿದಿದೆ ಎಂದು ಅರ್ಥ.

ಕೇರಿಗೂ ಕೇರಿಗೂ ನಡುವೆ ಕಲ್ಲೆಸೆದರೆ ಬೀಳುವಷ್ಟು ಅಗಲದ ಮರಳು. ಮರಳು ದಾಟಿದರೆ ಕಾಲ ದಾಟಿದ ಹಾಗೆ. ಇದರಲ್ಲಿ ಅಲ್ಲಿಯವರಿಗೆ ಸೋಜಿಗವೇನೂ ಇಲ್ಲ. ಪಡುವಲ ಕೇರಿಯ ಸೊಸೆಗೆ ಒಗ್ಗರಣೆಗೆ ಕರಿಬೇವು ಇಲ್ಲದಿದ್ದರೆ ಮರಳು ದಾಟಿ ಗಂಡನ ಮುತ್ತಜ್ಜಿಯ ಹಿತ್ತಲಿಗೆ ಹೋಗುತ್ತಾಳೆ. ಮುತ್ತಜ್ಜಿಗೆ ಇಪ್ಪತ್ತು ವರ್ಷ, ಸೊಸೆಗೆ ಐವತ್ತು. "ಬಾ ಮಗಾ, ಎಷ್ಟು ಬಡವಾಗಿದ್ದೀಯ!" ಎಂದು ಇಪ್ಪತ್ತರವಳು ಐವತ್ತರವಳ ಕೆನ್ನೆ ಸವರುತ್ತಾಳೆ. ಐವತ್ತರವಳು ನಾಚುತ್ತಾಳೆ. ವಯಸ್ಸು ದೊಡ್ಡದೋ ವರಸೆ ದೊಡ್ಡದೋ ಎಂದು ಕೇಳಿದರೆ ಅಲ್ಲಿ ವರಸೆಯೇ ದೊಡ್ಡದು.

ಒಂದೇ ಒಂದು ಕಟ್ಟಳೆ ಇದೆ. ತನಗೆ ತಾನು ಎದುರಾಗಬಾರದು. ಮೂಡಲ ಕೇರಿಯಲ್ಲಿ ಜಡೆ ಹಾಕಿಕೊಂಡು ಓಡಾಡುವ ಹುಡುಗಿ ನಡುಕೇರಿಯಲ್ಲಿ ಮುದುಕಿಯಾಗಿ ಕೂತಿರುತ್ತಾಳೆ. ಆ ಹುಡುಗಿ ಈ ಮುದುಕಿಯ ಮುಖ ನೋಡಬಾರದು, ಈ ಮುದುಕಿ ಆ ಹುಡುಗಿಯ ಮುಖ ನೋಡಬಾರದು. ಯಾಕೆಂದು ಹಿರಿಯರು ಹೇಳಿಲ್ಲ. ಹೇಳಿದ್ದರೆ ಆ ಕಾರಣ ಸುಳ್ಳೆಂದು ತೋರಿಸುವುದಕ್ಕಾದರೂ ಯಾರಾದರೂ ಹೋಗಿ ಎದುರು ನಿಲ್ಲುತ್ತಿದ್ದರು. ಕಾರಣ ಹೇಳದೆ ಬಿಟ್ಟ ಹಿರಿಯರು ಬಲು ಜಾಣರು ಎಂದು ನನ್ನ ಅಭಿಪ್ರಾಯ.

ಇನ್ನು ಮದುವೆಯ ಮಾತು. ಬೇರೆ ಊರುಗಳಲ್ಲಿ ಹೆಣ್ಣು ನೋಡುವುದಕ್ಕೆ ಗಂಡಿನ ಅಪ್ಪ ಅಮ್ಮ ಬರುತ್ತಾರೆ. ನಡುಗಡ್ಡೆಯಲ್ಲಿ ಗಂಡಿನ ಮೊಮ್ಮಕ್ಕಳು ಬರುತ್ತಾರೆ. ಅಪ್ಪ ಅಮ್ಮನಿಗೆ ಇರುವುದು ಬರೀ ಆಸೆ, ಮೊಮ್ಮಕ್ಕಳಿಗಾದರೆ ಸಂಸಾರ ಹೇಗೆ ನಡೆಯಿತೆಂದು ಗೊತ್ತಿರುತ್ತದೆ ಎನ್ನುವುದು ಅಲ್ಲಿಯ ನ್ಯಾಯ. ಅವರು ಮರಳು ದಾಟಿ ಬರುತ್ತಾರೆ, ಕಾಲು ತೊಳೆಯುತ್ತಾರೆ, ಚಾಪೆಯ ಮೇಲೆ ಕೂರುತ್ತಾರೆ, ಕಜ್ಜಾಯ ತಿನ್ನುತ್ತಾರೆ. ಹುಡುಗಿ ವೀಳ್ಯದೆಲೆ ಕೊಟ್ಟರೆ ಒಪ್ಪಿದ ಹಾಗೆ. ಮೊಮ್ಮಕ್ಕಳು ಬಂದು ಕೂತ ಮೇಲೆ ಒಪ್ಪದೆ ಇರುವುದು ಹೇಗೆ? ಮದುವೆ ಆಗದಿದ್ದರೆ ಅವರು ಎಲ್ಲಿಂದ ಬರುತ್ತಿದ್ದರು? ಆದ್ದರಿಂದ ಅಲ್ಲಿಯವರೆಗೆ ಯಾವ ಹುಡುಗಿಯೂ ವೀಳ್ಯದೆಲೆಯನ್ನು ಹಿಂದಕ್ಕೆ ಎಳೆದುಕೊಂಡಿರಲಿಲ್ಲ.

ಹಾಗೆ ಎಳೆದುಕೊಂಡ ಹುಡುಗಿಯ ಕಥೆ ಇದು.

ಅವಳಿಗೆ ಹದಿನೆಂಟು. ಅವಳನ್ನು ನೋಡಲು ಬಂದ ಮೊಮ್ಮಗನಿಗೆ ಎಪ್ಪತ್ತು. ಜೊತೆಗೆ ಅವನ ಮಗಳು, ಅಂದರೆ ನಮ್ಮ ಹುಡುಗಿಗೆ ಮರಿಮಗಳು, ಇಪ್ಪತ್ತೈದರ ಹೆಣ್ಣು. ಮೊಮ್ಮಗ ಪದ್ಧತಿಯಂತೆ ಹುಡುಗಿಯ ಕಾಲಿಗೆ ಬಿದ್ದ. ಬಿದ್ದವನಿಗೆ ಏಳಲಾಗಲಿಲ್ಲ. ಹುಡುಗಿಯೇ ರಟ್ಟೆ ಹಿಡಿದು ಎಬ್ಬಿಸಬೇಕಾಯಿತು.

"ನೂರು ವರ್ಷ ಬಾಳು ಮಗಾ," ಎಂದು ಹರಸಿದಳು.

"ಎಪ್ಪತ್ತು ಆಗಲೇ ಆಗೋಯ್ತಲ್ಲ ಅಜ್ಜಿ. ಸ್ವಲ್ಪ ಜಾಸ್ತಿ ಹರಸಿ," ಎಂದ ಮೊಮ್ಮಗ.

ಕಜ್ಜಾಯ ಬಂತು. ಮೊಮ್ಮಗ ಕಟ್ಟಿಸಿದ ಹಲ್ಲುಗಳನ್ನು ತೆಗೆದು ಪಕ್ಕಕ್ಕಿಟ್ಟು, ಒಂದನ್ನು ಬಾಯಿಗೆ ಹಾಕಿಕೊಂಡು, ಹುಡುಗಿಯ ಗುಣಗಾನ ಶುರು ಮಾಡಿದ. ಅಜ್ಜಿ ಹಾಕುತ್ತಿದ್ದ ಮಾವಿನಕಾಯಿ ತೊಕ್ಕು ಮೂರು ವರ್ಷ ಕೆಡುತ್ತಿರಲಿಲ್ಲ. ಅಜ್ಜಿಗೆ ಸಿಟ್ಟು ಬಂದರೆ ಮಾತಾಡುತ್ತಿರಲಿಲ್ಲ, ಪಾತ್ರೆ ಕುಕ್ಕುತ್ತಿದ್ದರು. ಅಜ್ಜಿ ಒಮ್ಮೆ ಒನಕೆ ಹಿಡಿದು ಕಳ್ಳನನ್ನು ಹೊಳೆಯವರೆಗೂ ಅಟ್ಟಿಸಿಕೊಂಡು ಹೋಗಿ, ಆಮೇಲೆ ಪಾಪ ಅನ್ನಿಸಿ ಕರೆದು ಊಟ ಹಾಕಿದ್ದರು. "ನಿಮ್ಮ ಮೂಗು ನೋಡಿ ಅಜ್ಜಿ, ನಮ್ಮನೇಲಿ ಇನ್ನೂ ಓಡಾಡ್ತಾ ಇದೆ," ಎಂದು ಮಗಳ ಮುಖ ತೋರಿಸಿದ.

ಹುಡುಗಿ ತನ್ನ ಮೂಗು ಮುಟ್ಟಿ ನೋಡಿಕೊಂಡಳು. ಖುಷಿಯಾಯಿತು. ಇನ್ನೂ ಹಾಕದ ತೊಕ್ಕು, ಇನ್ನೂ ಅಟ್ಟದ ಕಳ್ಳ ಎಲ್ಲವೂ ತನ್ನದೇ ಎಂದು ಹೆಮ್ಮೆಯಾಯಿತು. ಗಂಡಿನ ಬಗ್ಗೆಯೂ ಅವಳಿಗೆ ಬೇಸರವಿರಲಿಲ್ಲ. ಅದೇ ಕೇರಿಯವನು, ಎಮ್ಮೆ ಸಾಕುವವನು, ಹೊಳೆಯಲ್ಲಿ ಎಮ್ಮೆ ತೊಳೆಯುವಾಗ ಅವಳು ಕಂಡಿದ್ದಳು. ವೀಳ್ಯದೆಲೆಗೆ ಕೈ ಹಾಕಿದಳು.

ಆಗ ಮೊಮ್ಮಗ ಒಂದು ತಪ್ಪು ಮಾಡಿದ. ಬಾಯಿ ತಪ್ಪಿ ಬಂದ ಮಾತಲ್ಲ, ರೂಢಿಯಿಂದ ಬಂದದ್ದು. ಹೆಣ್ಣು ನೋಡಲು ಹೋದ ಹಿರಿಯರು ಎಲ್ಲ ಕೇರಿಯಲ್ಲೂ ಎಲ್ಲ ಕಾಲದಲ್ಲೂ ಕೇಳುವ ಮಾತನ್ನೇ ಅವನೂ ಕೇಳಿದ.

"ಹೆಸರೇನಮ್ಮಾ?"

ಹುಡುಗಿಯ ತಾಯಿ ಹೇಳಲೆಂದು ಬಾಯಿ ತೆರೆದಳು. ಹುಡುಗಿ ಹಾರಿ ಹೋಗಿ ತಾಯಿಯ ಬಾಯಿ ಮುಚ್ಚಿದಳು.

"ಏನಂದೆ ಮಗಾ?"

"ಅದೇ... ಶಾಸ್ತ್ರಕ್ಕೆ ಕೇಳ್ದೆ ಅಜ್ಜಿ."

"ಶಾಸ್ತ್ರ ಇರಲಿ. ನಿನಗೆ ಗೊತ್ತಿಲ್ವಾ?"

ಮೊಮ್ಮಗ ಮಗಳ ಮುಖ ನೋಡಿದ. ಮಗಳು ಚಾಪೆಯ ಅಂಚು ನೋಡಿದಳು.

"ಅಜ್ಜಿ ಅಂತಾನೇ ಕರೀತಿದ್ವಿ," ಎಂದ ಮೊಮ್ಮಗ, ಹಲ್ಲು ಹಾಕಿಕೊಳ್ಳುತ್ತಾ.

"ನನ್ನ ತೊಕ್ಕು ಗೊತ್ತು, ನನ್ನ ಸಿಟ್ಟು ಗೊತ್ತು, ನನ್ನ ಮೂಗು ಹೊತ್ತು ತಿರುಗ್ತೀರಿ. ಹೆಸರು ಗೊತ್ತಿಲ್ಲ!" ಹುಡುಗಿ ವೀಳ್ಯದೆಲೆಯನ್ನು ಮಡಿಲಿಗೆ ಎಳೆದುಕೊಂಡಳು. "ಮೂರು ದಿನ ಕೊಡ್ತೀನಿ. ಹುಡುಕಿ ತನ್ನಿ. ತಂದ್ರೆ ಮದುವೆ. ಇಲ್ಲದಿದ್ರೆ ನಾನು ಹೀಗೇ ಇರ್ತೀನಿ, ನೀವು ನಿಮ್ಮ ದಾರಿ ನೋಡ್ಕೊಳ್ಳಿ."

ಸುದ್ದಿ ಮೂಡಲ ಕೇರಿಗೆಲ್ಲ ಹಬ್ಬಿತು. ಪುಕ್ಕಟೆ ಮೋಜು ಯಾರಿಗೆ ಬೇಡ? ಕೇರಿಗೆ ಕೇರಿಯೇ ಬಾಯಿಗೆ ಬೀಗ ಹಾಕಿಕೊಂಡಿತು. ಮೊಮ್ಮಗ ಎದುರು ಸಿಕ್ಕವರನ್ನೆಲ್ಲ ಕೇಳಿದ. ಒಬ್ಬ ಆಕಾಶ ನೋಡಿದ, ಒಬ್ಬಳು ಕೆಮ್ಮಿದಳು, ಒಬ್ಬರು ಕೋಳಿಯನ್ನು ಅಟ್ಟಿಕೊಂಡು ಹೋದರು.

ಅಪ್ಪ ಮಗಳು ಮರಳು ದಾಟಿದರು. ದಾಟಿ ಹಿಂದೆ ತಿರುಗಿ ನೋಡಿದರು. ಮರಳಿನ ಮೇಲೆ ನಾಯಿಯ ಹೆಜ್ಜೆ ಇತ್ತು, ಕೊಕ್ಕರೆಯ ಹೆಜ್ಜೆ ಇತ್ತು. ಅವರಿಬ್ಬರ ಹೆಜ್ಜೆ ಇರಲಿಲ್ಲ. ಮೊಮ್ಮಗ ಎರಡೂ ಕಾಲು ಎತ್ತಿ ದೊಪ್ಪನೆ ಕುಪ್ಪಳಿಸಿದ. ಮಂಡಿ ನೋಯಿತೇ ಹೊರತು ಮರಳು ಅಲುಗಲಿಲ್ಲ.

"ಅಪ್ಪಾ, ನಾವು ಇದ್ದೀವಾ ಇಲ್ವಾ?" ಎಂದಳು ಮಗಳು.

"ಮೂರು ದಿನ ಇದ್ದೀವಿ," ಎಂದ ಅಪ್ಪ.

ಆ ಸಂಜೆ ಮನೆಯನ್ನೆಲ್ಲ ಬುಡಮೇಲು ಮಾಡಿದರು. ಅಜ್ಜಿಯ ಫೋಟೋ ಸಿಕ್ಕಿತು, ಕೆಳಗೆ 'ಮಾತೃಶ್ರೀ' ಎಂದಿತ್ತು. ಹಳೆಯ ಲಗ್ನಪತ್ರಿಕೆಗಳು ಸಿಕ್ಕಿದವು, ಅವುಗಳಲ್ಲಿ ಅಜ್ಜನ ಹೆಸರು ದೊಡ್ಡದಾಗಿದ್ದು ಪಕ್ಕದಲ್ಲಿ 'ಮತ್ತು ಧರ್ಮಪತ್ನಿ' ಎಂದಿತ್ತು. ಅಟ್ಟದ ಮೇಲಿನ ಹಂಡೆ, ಕೊಳಗ, ತಟ್ಟೆಗಳನ್ನೆಲ್ಲ ಇಳಿಸಿ ತಿರುಗಿಸಿ ನೋಡಿದರು. ಅಜ್ಜಿ ಅರವತ್ತು ವರ್ಷ ಬೆಳಗಿದ ಪಾತ್ರೆಗಳ ಮೇಲೆಲ್ಲ ಅಜ್ಜನ ಹೆಸರನ್ನೇ ಕೊರೆದಿತ್ತು.

ಎರಡನೆಯ ದಿನ ಬೆಳಿಗ್ಗೆ ಮೊಮ್ಮಗ ಹಾಸಿಗೆಯಿಂದ ಎದ್ದವನೇ ಹಣೆ ಚಚ್ಚಿಕೊಂಡ. "ಎಂಥ ದಡ್ಡ ನಾನು! ಅಜ್ಜಿ ಹೋದ ಮೇಲೆ ನಮ್ಮ ಮನೇಲಿ ಹುಟ್ಟಿದ ಹೆಣ್ಣುಮಕ್ಕಳಿಗೆಲ್ಲ ಅವರ ಹೆಸರೇ ಇಟ್ಟಿದ್ದೀವಲ್ಲ! ಅಣ್ಣನ ಮಗಳು ನೀಲಾವತಿ. ತಮ್ಮನ ಮಗಳು ನೀಲಾಂಬರಿ. ನೀನು ನೀಲಿಮಾ. ಅಜ್ಜಿ ಹೆಸರು ನೀಲಮ್ಮ ಕಣೇ! ಅಜ್ಜ ಕರೀತಿದ್ದದ್ದು ನನ್ನ ಕಿವೀಲಿ ಇನ್ನೂ ಇದೆ. ಮುಪ್ಪಿನಲ್ಲಿ ಜಗಲಿ ಮೇಲೆ ಕೂತು, ಹೊಳೆ ಕಡೆ ನೋಡ್ತಾ, 'ನೀಲಮ್ಮಾ' ಅಂತ ನಿಟ್ಟುಸಿರು ಬಿಡೋರು. ಎಷ್ಟು ಅಕ್ಕರೆ ಅಂತೀಯ!"

"ಅಜ್ಜಿ ಏನನ್ನೋರು?"

"ಒಳಗಿಂದ ಪಾತ್ರೆ ಕುಕ್ಕಿದ ಸದ್ದು ಬರೋದು."

ಅಪ್ಪ ಮಗಳು ಮರಳು ದಾಟಿದರು. ಹೆಜ್ಜೆ ಮೂಡದಿದ್ದರೂ ಓಡುತ್ತ ದಾಟಿದರು. ಮೊಮ್ಮಗ ಎದೆ ಉಬ್ಬಿಸಿ ಹೇಳಿದ, "ನೀಲಮ್ಮ!"

ಹುಡುಗಿ ಮೊದಲು ಇಬ್ಬರ ಮುಖವನ್ನೂ ನೋಡಿದಳು. ಆಮೇಲೆ ಸೆರಗನ್ನು ಬಾಯಿಗೆ ಒತ್ತಿಕೊಂಡಳು. ಆಮೇಲೆ ನೆಲದ ಮೇಲೆ ಕೂತು ಕಣ್ಣಲ್ಲಿ ನೀರು ಬರುವಷ್ಟು ನಕ್ಕಳು. ನಕ್ಕು ಸಾಕಾಗಿ, ಇಬ್ಬರನ್ನೂ ಕರೆದುಕೊಂಡು ಹೊಳೆದಂಡೆಗೆ ಹೋದಳು.

ಅಲ್ಲಿ ವರ ಎಮ್ಮೆಗಳನ್ನು ಮೈ ತೊಳೆದು ನಿಲ್ಲಿಸಿದ್ದ. ಒಂದು ಎಮ್ಮೆಕರು ಮಾತ್ರ ಆಚೆ ದಡದಲ್ಲಿ ಯಾರದೋ ಹೊಲ ಮೇಯುತ್ತಿತ್ತು. ವರ ಎರಡು ಕೈಯನ್ನೂ ಬಾಯಿಯ ಸುತ್ತ ಹಿಡಿದು ಕರೆದ. "ನೀಲಮ್ಮಾ... ಬಾರೇ ನನ್ನವ್ವಾ... ನೀಲಮ್ಮಾ..." ಅಂಥ ದನಿಯನ್ನು ಮೊಮ್ಮಗ ಜನ್ಮದಲ್ಲಿ ಕೇಳಿರಲಿಲ್ಲ. ಹೊಳೆ ದಾಟಿ ಆಚೆಯ ಗುಡ್ಡಕ್ಕೆ ತಾಗಿ ತಿರುಗಿ ಬರುವಂಥ ದನಿ, ಬೆಲ್ಲದ ಪಾಕದ ಹಾಗೆ ಎಳೆ ಎಳೆಯಾಗಿ ಬರುತ್ತಿತ್ತು. ಕರು ತಲೆ ಎತ್ತಿತು, ನೀರಿಗೆ ಬಿತ್ತು, ಈಜಿ ಬಂದು ಅವನ ಕಂಕುಳಿಗೆ ಮೂತಿ ತೂರಿಸಿ ನಿಂತಿತು.

"ನೀಲಮ್ಮ ಇವಳು," ಎಂದಳು ಹುಡುಗಿ. "ಮಾತಾಡಿಸಿ. ನಿಮ್ಮ ಮನೆತನದ ಹಿರಿಯಳು."

"ನನಗೆ ಎಮ್ಮೆ ಹೆಸರಿಟ್ರಾ ಅಪ್ಪಾ?" ಎಂದಳು ನೀಲಿಮಾ. ಇಪ್ಪತ್ತೈದು ವರ್ಷ ಆ ಹೆಸರಿಗೆ ಬೀಗಿದವಳಿಗೆ ಅಳುವೂ ನಗುವೂ ಒಟ್ಟಿಗೇ ಬಂದವು.

ಮೊಮ್ಮಗ ವರನ ಕೈ ಹಿಡಿದುಕೊಂಡ. "ಅಜ್ಜಾ, ನಿಮಗಂತೂ ಇವರ ಹೆಸರು ಗೊತ್ತಿರಬೇಕು. ನಿಮ್ಮ ಕೇರಿಯವರೇ ಅಲ್ವಾ. ಹೇಳಿಬಿಡಿ, ನಿಮ್ಮ ವಂಶ ಉಳಿಸಿ."

ವರನ ಕಿವಿ ಕೆಂಪಾಯಿತು. ಹುಡುಗಿಯ ಕಡೆ ನೋಡಿದ, ಎಮ್ಮೆಯ ಕಡೆ ನೋಡಿದ. "ಗೊತ್ತು. ಆದ್ರೆ ಹೆಂಡ್ತಿ ಆಗೋಳ ಹೆಸರು ಹಿಡಿದು ಕೂಗಿದ್ರೆ ಜನ ನಗಲ್ವಾ?" ಎಂದು ಕರುವಿನ ಬೆನ್ನು ಉಜ್ಜತೊಡಗಿದ.

ಇನ್ನು ಉಳಿದದ್ದು ಒಂದೇ ದಾರಿ. ನಡುಕೇರಿಯಲ್ಲಿ ಅಜ್ಜಿ ಇನ್ನೂ ಬದುಕಿದ್ದಾಳೆ, ಮುದುಕಿಯಾಗಿ. ಅವಳನ್ನೇ ಕೇಳಿದರಾಯಿತು. ಆದರೆ ಮೊಮ್ಮಗ ಹೋಗುವ ಹಾಗಿರಲಿಲ್ಲ. ಅಲ್ಲಿ ಅವನೇ ಮೂವತ್ತರ ಗಂಡಸಾಗಿ, ಮೀಸೆ ತಿರುವಿಕೊಂಡು, ರೇಡಿಯೋದಲ್ಲಿ ಕ್ರಿಕೆಟ್ಟು ಕೇಳುತ್ತಾ ಬಾಗಿಲೊಳಗೇ ಕೂತಿರುತ್ತಿದ್ದ. ನೀಲಿಮಾ ಅಲ್ಲಿ ಇನ್ನೂ ಹುಟ್ಟಿರಲಿಲ್ಲ. ಹುಟ್ಟದವರಿಗೆ ಅಡ್ಡಿಯಿಲ್ಲ. ಮೂರನೆಯ ದಿನ ಅವಳೊಬ್ಬಳೇ ಮರಳು ದಾಟಿದಳು.

ಮುದುಕಿ ಜಗಲಿಯ ಮೇಲೆ ಕಾಲು ಚಾಚಿ ಕೂತು ಮೊರದಲ್ಲಿ ಅಕ್ಕಿಯ ಕಲ್ಲು ಆರಿಸುತ್ತಿದ್ದಳು.

"ಯಾರ ಮಗಳೇ ನೀನು? ಮೂಗು ನಮ್ಮನೇದು."

"ನಾನು ಆಮೇಲೆ ಬರೋಳು ಅಜ್ಜಿ."

"ಓಹೋ. ಬಂದಾಗ ನಾನಿರ್ತೀನೋ ಇಲ್ವೋ, ಈಗ್ಲೇ ಕೂತ್ಕೊ."

ನೀಲಿಮಾ ಕೂತಳು. ಕೂತು ಕೇಳಿದಳು.

"ನನ್ನ ಹೆಸರಾ?" ಮುದುಕಿ ನಕ್ಕಳು. "ಅದ್ಯಾಕೆ, ಓಟಿನ ಪಟ್ಟಿಗಾ?" ಮೊರದಿಂದ ಒಂದು ಕಲ್ಲು ತೆಗೆದು ಎಸೆದಳು. "ಬಂದಾಗ ಹೊಸ ಸೊಸೆ ಅಂದ್ರು." ಇನ್ನೊಂದು ಕಲ್ಲು ಎಸೆದಳು. "ನಿಮ್ಮಜ್ಜ ಇವಳೇ ಅಂದ್ರು. ಮಕ್ಕಳು ಅವ್ವ ಅಂದ್ವು. ಸೊಸೆಯರು ಅತ್ತೆ ಅಂದ್ರು. ಈಗ ಅಜ್ಜಿ. ಅದಕ್ಕೂ ಮುಂಚೆ ಒಂದಿತ್ತು ಕಣೇ..." ಕೈ ನಿಂತಿತು. ಮುದುಕಿ ಕಣ್ಣು ಮುಚ್ಚಿದಳು, ತೆರೆದಳು, ಸೂರು ನೋಡಿದಳು. "ನಮ್ಮವ್ವ ಹಿತ್ತಲ ಬಾಗಿಲಲ್ಲಿ ನಿಂತು ಕರೀತಿದ್ಲು. ದನಿ ನೆನಪಿದೆ. ಹೆಸರು ನೆನಪಾಗ್ತಿಲ್ಲ."

ನೀಲಿಮಾ ಕಾದಳು. ಒಳಗೆ ರೇಡಿಯೋದಲ್ಲಿ ಯಾರೋ ಔಟಾದರು.

"ಹೋಗಲಿ ಬಿಡು ಮಗಾ. ಹೆಸರು ತಗೊಂಡು ಏನ್ಮಾಡೋದು, ಅನ್ನಕ್ಕೆ ಕಲಸೋದಾ ಸಾರಿಗೆ ಹಾಕೋದಾ?" ಎಂದು ಮುದುಕಿ ಮತ್ತೆ ನಕ್ಕಳು. ಆದರೆ ಕಲ್ಲೆಲ್ಲ ಮುಗಿದ ಮೇಲೂ ಅವಳ ಬೆರಳು ಆ ಅಕ್ಕಿಯಲ್ಲಿ ಹುಡುಕುತ್ತಲೇ ಇತ್ತು.

ನೀಲಿಮಾ ತನ್ನ ಮನೆಗೂ ಹೋಗದೆ ನೇರ ಮೂಡಲ ಕೇರಿಗೆ ಬಂದಳು. ಸುಳ್ಳು ಹೇಳಬಹುದಿತ್ತು. ಇನ್ನೂ ನಾಲ್ಕು ಹೆಸರು ಊಹಿಸಬಹುದಿತ್ತು. ಅವಳು ಹಾಗೆ ಮಾಡಲಿಲ್ಲ. ಹುಡುಗಿಯ ಮುಂದೆ ನಿಂತು, "ಸಿಗಲಿಲ್ಲ ಮುತ್ತಜ್ಜಿ. ಅವರಿಗೇ ಮರೆತುಹೋಗಿದೆ," ಎಂದಳು.

"ಯಾರಿಗೆ?"

"ನಿಮಗೆ."

ಹುಡುಗಿ ನಗಲಿಲ್ಲ. ಮೂರು ದಿನದಿಂದ ಆಡುತ್ತಿದ್ದ ಆಟ ಅವಳ ಎದೆಯ ಮೇಲೆ ಬಂದು ಕೂತಿತು. ಅವಳಿಗೆ ಭಯವಾಯಿತು. ಮೊಮ್ಮಕ್ಕಳು ಮರೆತರೆ ಸಿಟ್ಟು ಮಾಡಬಹುದು, ತಾನೇ ಮರೆತರೆ ಯಾರ ಮೇಲೆ ಪಾತ್ರೆ ಕುಕ್ಕುವುದು? ಮದುವೆ ಬೇಡ ಎಂದರೆ ಎದುರು ನಿಂತ ಈ ಹೆಣ್ಣು ಇರುವುದಿಲ್ಲ, ಅಕ್ಕಿ ಆರಿಸುವ ಆ ಮುದುಕಿ ಆ ಜಗಲಿಯಲ್ಲಿ ಇರುವುದಿಲ್ಲ. ಬೇಕು ಎಂದರೆ ಎಲ್ಲರೂ ಇರುತ್ತಾರೆ, ತಾನೊಬ್ಬಳು ಇರುವುದಿಲ್ಲ.

ಕೊನೆಗೆ ಸೆರಗು ಸಿಕ್ಕಿಸಿ, ವೀಳ್ಯದೆಲೆ ಹಿಡಿದು ಹೊಳೆದಂಡೆಗೆ ಹೋದಳು.

"ನಡಿ," ಎಂದಳು ವರನಿಗೆ.

"ಎಲ್ಲಿಗೆ?"

"ನಡುಕೇರಿಗೆ. ನನ್ನ ಹತ್ರಕ್ಕೆ."

ವರ ಹೌಹಾರಿದ. "ಕಟ್ಟಳೆ! ನೀನು ಎದುರಾಗೋ ಹಾಗಿಲ್ಲ!"

"ಎದುರಾಗಲ್ಲ. ಬೆನ್ನು ಮಾಡಿ ನಿಲ್ತೀನಿ. ಬೆನ್ನಿಗೆ ಕಟ್ಟಳೆ ಇಲ್ಲ."

"ನಾನು? ಅಲ್ಲಿ ನಾನಿದ್ರೆ?"

ಹಿಂದೆಯೇ ಬಂದಿದ್ದ ನೀಲಿಮಾ ಕೆಮ್ಮಿದಳು. "ಮುತ್ತಜ್ಜಾ, ನೀವು ಅಲ್ಲಿ... ತೀರಿಕೊಂಡಿದ್ದೀರಿ."

ವರ ಸ್ವಲ್ಪ ಯೋಚಿಸಿದ. "ಊಟ ಆಗಿತ್ತಾ?"

"ಆಗಿತ್ತಂತೆ. ಉಂಡು ಮಲಗಿದವರು."

"ಹಾಗಾದ್ರೆ ಸರಿ ಬಿಡು," ಎಂದ ವರ, ಮತ್ತು ಎಮ್ಮೆಯ ಹಗ್ಗವನ್ನು ಮರಕ್ಕೆ ಕಟ್ಟಿದ.

ಮೂವರೂ ಮರಳು ದಾಟಿದರು. ಅವರ ಹಿಂದೆ ಮೂಡಲ ಕೇರಿ ದಾಟಿತು, ಪಡುವಲ ಕೇರಿಯೂ ಬಂದು ಸೇರಿತು. ತಮಗೆ ತಾವೇ ಎದುರಾದಾರೆಂದು ಹಲವರು ಮುಖಕ್ಕೆ ಸೆರಗೋ ಟವಲೋ ಅಡ್ಡ ಹಿಡಿದಿದ್ದರು. ಎಪ್ಪತ್ತರ ಮೊಮ್ಮಗ ಮಾತ್ರ ಬೇಲಿಯ ಮರೆಯಲ್ಲೇ ನಿಂತ. ಹುಡುಗಿ ಮುದುಕಿಯ ಮನೆಯ ಅಂಗಳದ ಬೇಲಿಗೆ ಬೆನ್ನು ಕೊಟ್ಟು, ಜನರ ಕಡೆ ಮುಖ ಮಾಡಿ ನಿಂತಳು. ಹಿಂದೆ ಜಗಲಿಯಲ್ಲಿ ಮೊರ ಕೇರುವ ಸದ್ದು ಕೇಳುತ್ತಿತ್ತು. ಅವಳು ತನ್ನ ಹೆಸರನ್ನು ತಾನೇ ಕರೆದಳು. ಮೊರದ ಸದ್ದು ನಿಲ್ಲಲಿಲ್ಲ. ಮುದುಕಿಗೆ ಕಿವಿ ಮಂದ, ಬೆನ್ನು ಮಾಡಿ ಕರೆದ ದನಿ ಜಗಲಿಯನ್ನು ತಲುಪಲಿಲ್ಲ.

"ನೀನು ಕರಿ," ಎಂದಳು ವರನಿಗೆ.

"ಇಷ್ಟು ಜನರ ಮುಂದೆ? ನಗ್ತಾರೆ."

"ನಗಲಿ. ಎಮ್ಮೆಗೆ ಕರೆಯೋವಾಗ ಯಾರನ್ನ ಕೇಳ್ದೆ? ಇವತ್ತು ನೀನು ಕರೆದು ಅವಳು ಓಗೊಟ್ರೆ ನಿನಗೆ ವೀಳ್ಯದೆಲೆ ಕೊಡ್ತೀನಿ. ಮುಂದೆ ದಿನಾ ಕರೀಬೇಕು. ಹಿತ್ತಲಲ್ಲಿ, ಹೊಳೇಲಿ, ನೆಂಟರ ಮುಂದೆ, ಮಕ್ಕಳ ಮುಂದೆ. ಆಗುತ್ತಾ?"

ವರ ಜನರನ್ನು ನೋಡಿದ. ಮೂರು ಕಾಲದ ಜನ ಬಾಯಿ ಬಿಟ್ಟುಕೊಂಡು ನಿಂತಿದ್ದರು. ಅವನ ಕಿವಿ ಕೆಂಪಾಯಿತು, ಕುತ್ತಿಗೆ ಕೆಂಪಾಯಿತು. ಆದರೆ ಹುಡುಗಿಯ ಕಣ್ಣಲ್ಲಿ ತುಂಬಿದ ನೀರನ್ನೂ ಅವನು ನೋಡಿದ. ಎರಡು ಕೈಯನ್ನೂ ಬಾಯಿಯ ಸುತ್ತ ಹಿಡಿದ.

"ಹೊಂಬಾಳಮ್ಮಾ...!"

ಜನ ಗೊಳ್ಳೆಂದು ನಕ್ಕರು. ನಡುಕೇರಿಯ ಮೂವತ್ತರ ಮೀಸೆಯ ಮೊಮ್ಮಗ ರೇಡಿಯೋ ಬಿಟ್ಟು ಹೊರಗೆ ಓಡಿ ಬಂದ. ವರ ನಿಲ್ಲಿಸಲಿಲ್ಲ. "ಹೊಂಬಾಳಮ್ಮಾ... ಬಾರೇ ನನ್ನವ್ವಾ... ಹೊಂಬಾಳಮ್ಮಾ..." ದನಿ ಹೊಳೆ ದಾಟಿತು, ಗುಡ್ಡಕ್ಕೆ ತಾಗಿತು, ತಿರುಗಿ ಬಂತು. ನಗು ಒಬ್ಬೊಬ್ಬರಲ್ಲೇ ಇಳಿಯಿತು.

ಮೊರ ಕೇರುವ ಸದ್ದು ನಿಂತಿತು.

"ಓ," ಎಂದಿತು ಜಗಲಿಯ ಮೇಲಿನ ದನಿ. ಒಡೆದ, ಮುದಿ, ಒಣಗಿದ ದನಿ. ಒಂದು ಗಳಿಗೆ ತಡೆದು, ಅವಸರದಲ್ಲಿ ಎದ್ದು ಸೀರೆ ಕೊಡವಿಕೊಂಡ ಸದ್ದು. "ಓ... ಬಂದೆ ಇರಿ, ಬಂದೇ..."

ಹುಡುಗಿ ತಿರುಗಲಿಲ್ಲ. ಅವಳ ಕೆನ್ನೆಯ ಮೇಲೆ ನೀರು ಇಳಿಯುತ್ತಿತ್ತು. ಕೈಯಲ್ಲಿದ್ದ ವೀಳ್ಯದೆಲೆಯನ್ನು ವರನ ಅಂಗೈಯಲ್ಲಿಟ್ಟಳು.

"ಇನ್ನೊಂದು ಸಲ ಕರಿ," ಎಂದಳು.

ವರ ಕರೆದ. ಈ ಸಲ ಇಬ್ಬರೂ ಓ ಎಂದರು.